ಚೆನ್ನಾಗಿದೆ ಎನ್ನದ ಮನೆ

ಒಂದು ಭಾನುವಾರ ಪೈಲ್ವಾನ ಚೆಲುವರಾಜುವಿನ ಮನೆಯಲ್ಲಿ ವಾರವಾರವೂ ಮಾಡುವ ಕೈಮ ಪಾಸ್ತಾ ಆಗಲಿಲ್ಲ. ಅದರ ಹಿಂದಿನ ಭಾನುವಾರವೂ ಆಗಿರಲಿಲ್ಲ. ಸುದ್ದಿ ಸೋಮವಾರ ಬೆಳಿಗ್ಗೆ ಗರಡಿಮನೆಯನ್ನು ತಲುಪಿದಾಗ ತಾಲೀಮು ನಿಂತಿತು. ಹಿರಿಯರೊಬ್ಬರು ಗದೆಯನ್ನು ಗೋಡೆಗೆ ಒರಗಿಸಿ, ಮನೆಯಲ್ಲಿ ಯಾರಿಗಾದರೂ ಹುಷಾರಿಲ್ಲವೇ ಎಂದು ವಿಚಾರಿಸಿದರು. ಎಲ್ಲರೂ ಗಟ್ಟಿಮುಟ್ಟಾಗಿದ್ದಾರೆ, ಅಂಗಡಿಯಲ್ಲಿ ಕೈಮವೂ ಸಿಗುತ್ತಿದೆ ಎಂದು ಚೆಲುವರಾಜು ತಿಳಿಸಿದ. ಹಾಗಾದರೆ ವಿಷಯ ಗಂಭೀರವೇ ಎಂದು ಎಲ್ಲರೂ ಒಪ್ಪಿದರು.

ಅವನು ಗರಡಿಯ ಗುರುಗಳ ಮುಂದೆ ಹೋಗಿ ಕೂತು ಕೇಳಿದ: "ಗುರುಗಳೇ, ಸಿಟ್ಟಾದ ಹೆಂಡತಿಯನ್ನು ಸಮಾಧಾನ ಮಾಡುವುದು ಹೇಗೆ?"

"ಜಯಶೀಲಳಿಗೆ ಏನಂದೆ?"

"ಏನೂ ಅನ್ನಲಿಲ್ಲ. ಪಾಸ್ತಾ ಸ್ವಲ್ಪ ಮೆತ್ತಗಾಯಿತು ಅಂದೆ. ಕೈಮ ಒಣಗಿದೆ ಅಂದೆ. ಟೊಮೆಟೊ ಹುಳಿ ಮುಂದು ಅಂದೆ. ಇದ್ದದ್ದನ್ನು ಹೇಳಿದರೆ ತಪ್ಪಾ?"

"ನೀನು ಎಷ್ಟು ತಿಂದೆ?"

"ಮೂರು ತಟ್ಟೆ. ಹಸಿವಾಗಿತ್ತು."

"ಮಕ್ಕಳು?"

"ಅವರೂ ಹಾಕಿಸಿಕೊಂಡರು. ಜಯಶೀಲಳಿಗೇ ಉಳಿಯಲಿಲ್ಲ. ಅವಳು ಮೊಸರನ್ನ ತಿಂದಳು ಅಂತ ಕಾಣುತ್ತೆ."

ಗುರುಗಳು ಈ ಕತೆ ಹೇಳಿದರು.

ಒಬ್ಬ ವ್ಯಾಪಾರಿ ಇದ್ದ. ಅವನ ಕಾಲಕ್ಕೆ ನಮ್ಮ ಕಡೆಗೆ ಪಾಸ್ತಾ ಬಂದಿರಲಿಲ್ಲ. ಒತ್ತು ಶಾವಿಗೆ ಇತ್ತು, ಕೈಮದ ಗೊಜ್ಜು ಇತ್ತು. ಕೆಳಗೆ ಎಳೆ, ಮೇಲೆ ಮಾಂಸ. ಊಟ ಒಂದೇ, ಹೆಸರು ಬೇರೆ. ಅಕ್ಕಿ ಹಿಟ್ಟನ್ನು ಬೇಯಿಸಿ, ಉಂಡೆ ಕಟ್ಟಿ, ಬಿಸಿ ಆರುವ ಮೊದಲೇ ಶಾವಿಗೆ ಒರಳಿಗೆ ತುಂಬಿ ಒತ್ತಬೇಕು. ಆರಿದರೆ ಎಳೆ ಇಳಿಯುವುದಿಲ್ಲ. ಮೈಭಾರವನ್ನೆಲ್ಲ ಬಿಟ್ಟು ಒತ್ತಬೇಕು. ಇಡೀ ಸಂಸಾರಕ್ಕೆ ಅದನ್ನು ಒತ್ತುವವರು ಗರಡಿಗೆ ಬರಬೇಕಾಗಿಲ್ಲ.

ಆ ವ್ಯಾಪಾರಿಯ ಕಡೆಯವರಲ್ಲಿ ಒಂದು ಪದ್ಧತಿ ಇತ್ತು. ಊಟ ಚೆನ್ನಾಗಿದ್ದರೆ ಚೆನ್ನಾಗಿದೆ ಎಂದು ಹೇಳಬಾರದು. ಹೇಳಿದರೆ ಅಡುಗೆ ಮಾಡಿದ ಕೈಗೆ ದೃಷ್ಟಿ ತಾಗುತ್ತದೆ. ಆದ್ದರಿಂದ ಅವರು ಊಟ ರುಚಿಯಾದಷ್ಟೂ ಅದನ್ನು ಹೆಚ್ಚು ಬೈಯುತ್ತಿದ್ದರು. ಬೈದು, ಇನ್ನಷ್ಟು ಹಾಕಿಸಿಕೊಳ್ಳುತ್ತಿದ್ದರು. ಚೆನ್ನಾಗಿದೆ ಎಂಬ ಮಾತನ್ನು ಅವರು ಒಂದೇ ಸಂದರ್ಭಕ್ಕೆ ಉಳಿಸಿಕೊಂಡಿದ್ದರು. ಇನ್ನು ಮುಂದೆ ಈ ಮನೆಯಲ್ಲಿ ಕೈ ತೊಳೆಯುವುದಿಲ್ಲ ಎಂದು ತೀರ್ಮಾನಿಸಿದಾಗ, ಚೆನ್ನಾಗಿದೆ ಎಂದು ಹೇಳಿ ಎದ್ದು ಹೋಗುತ್ತಿದ್ದರು.

ವ್ಯಾಪಾರಿಯ ಮಗನಿಗೆ ಹೊಳೆಯಾಚೆಯಿಂದ ಹೆಣ್ಣು ತಂದರು. ಹೊಳೆಯಾಚೆ ಈ ಪದ್ಧತಿ ಇರಲಿಲ್ಲ. ಅಲ್ಲಿಯವರು ಚೆನ್ನಾಗಿದ್ದರೆ ಚೆನ್ನಾಗಿದೆ ಎನ್ನುತ್ತಿದ್ದರು, ಇಲ್ಲದಿದ್ದರೆ ಸುಮ್ಮನೆ ಉಣ್ಣುತ್ತಿದ್ದರು. ಆದರೂ ಅಲ್ಲಿ ಯಾರ ಕೈಯೂ ಬಿದ್ದುಹೋಗಿರಲಿಲ್ಲ.

ಸೊಸೆ ಮೊದಲ ಸಲ ಶಾವಿಗೆ ಒತ್ತಿ, ಕೈಮದ ಗೊಜ್ಜು ಮಾಡಿ ಬಡಿಸಿದಳು. ಮಾವ ಉಪ್ಪು ಹೆಚ್ಚು ಎಂದ. ಅತ್ತೆ ಖಾರ ಹೆಚ್ಚು ಎಂದಳು. ನಾದಿನಿ, ಮಾಂಸ ಬೆಂದು ಕರಗಿಯೇ ಹೋಗಿದೆ, ಹಲ್ಲಿಲ್ಲದವರ ಮನೆಯಿಂದ ಬಂದವಳೇ ಎಂದು ಕೇಳಿದಳು. ಗಂಡ ಎಳೆ ದಪ್ಪವಾಯಿತು ಎಂದ. ಹೀಗೆ ಬೈಯುತ್ತ ಪಾತ್ರೆ ಖಾಲಿ ಮಾಡಿದರು. ಸೊಸೆಗೆ ತಳದಲ್ಲಿ ಅಂಟಿದ್ದು ಸಿಕ್ಕಿತು.

ಮುಂದಿನ ಸಲ ಅವಳು ಉಪ್ಪು ಖಾರ ತುಸು ಇಳಿಸಿದಳು. ಆಗಲೂ ಮಾವ ಉಪ್ಪು ಹೆಚ್ಚು ಎಂದ, ಅತ್ತೆ ಖಾರ ಹೆಚ್ಚು ಎಂದಳು. ಅವಳು ಒಲೆಯ ಮುಂದೆ ಕೂತು ಅತ್ತಳು. ಗಂಡ ನೀರು ಕುಡಿಯಲು ಒಳಗೆ ಬಂದವನು ನೋಡಿದ.

"ಅಳುವಂಥದ್ದೇನಾಯ್ತೇ? ಅಪ್ಪ ಬೈದರು ಅಂದರೆ ರುಚಿಯಾಗಿದೆ ಅಂತ. ನಮ್ಮಜ್ಜಿ ಮಾಡಿದ್ದನ್ನು ನಮ್ಮಜ್ಜ ಉಗಿದು ಉಗಿದು ಉಣ್ಣುತ್ತಿದ್ದರಂತೆ."

"ಹಾಗಾದರೆ ನೀವು ಒಂದು ಸಲ ಬಾಯಿ ಬಿಟ್ಟು ಹೇಳಿ. ಇಲ್ಲಿ ಯಾರೂ ಇಲ್ಲ."

"ದೃಷ್ಟಿ ಆಗುತ್ತೆ."

"ನನಗೆ ತಾನೇ ಆಗುವುದು? ಆಗಲಿ ಬಿಡಿ."

"ಬಾಯಿ ಬರಲ್ಲ ಕಣೇ. ಹೊಟ್ಟೆ ತುಂಬ ಉಂಡೆನಲ್ಲ, ಸಾಲದಾ?"

ಅಂದಿನಿಂದ ಅವಳು ಅಳುವುದನ್ನು ನಿಲ್ಲಿಸಿದಳು. ಸೊಸೆ ಮನೆಗೆ ಹೊಂದಿಕೊಂಡಳು ಎಂದು ಎಲ್ಲರೂ ಸಂತೋಷಪಟ್ಟರು.

ವರ್ಷಗಳು ಕಳೆದವು. ಅವಳು ಒತ್ತಿದಳು, ಅವರು ಬೈದರು. ಒಮ್ಮೆ ಕುದಿಯುವ ಗೊಜ್ಜು ಚೆಲ್ಲಿ ಬಲಗೈ ತುಂಬ ಬೊಬ್ಬೆ ಎದ್ದಿತು. ಎಡಗೈಯಲ್ಲಿ ಬಡಿಸಿದಳು. ಆ ದಿನ ಮಾವ ಅವಳ ಕೈ ನೋಡಿ, ಎಲೆ ನೋಡಿ, ಶಾವಿಗೆ ಆರಿದೆ ಎಂದ. ಶಾವಿಗೆಯಿಂದ ಹಬೆ ಏಳುತ್ತಿತ್ತು. ಅದು ಮೆಚ್ಚುಗೆ ಎಂದು ಅವಳಿಗೆ ಗೊತ್ತಿತ್ತು. ಗೊತ್ತಿದ್ದರಿಂದಲೇ ಅವಳ ಸಿಟ್ಟು ಹೆಚ್ಚಾಯಿತು. ಮೆಚ್ಚಿದ್ದು ಅವರ ಹೊಟ್ಟೆಯೊಳಗೆ ಹೋಗುತ್ತಿತ್ತು, ಬೈಗುಳ ಇವಳ ಪಾಲಿಗೆ ಉಳಿಯುತ್ತಿತ್ತು.

ನಾದಿನಿಯ ಮದುವೆಯಾಯಿತು. ಮದುವೆ ಮುಗಿದ ಮೇಲೆ ಗಂಡಿನ ಕಡೆಯವರನ್ನು ಕರೆದು ಮಾಂಸದೂಟ ಹಾಕಬೇಕು. ಅದು ಬೀಗರೂಟ. ಬೀಗರೂ ಅದೇ ಪದ್ಧತಿಯವರು, ಸಾಲದ್ದಕ್ಕೆ ದೊಡ್ಡ ಮನೆತನದವರು. ಅವರು ಉಂಡು ಚೆನ್ನಾಗಿ ಬೈದರೆ ಮಗಳು ಆ ಮನೆಯಲ್ಲಿ ತಲೆಯೆತ್ತಿ ಓಡಾಡಬಹುದು. ಚೆನ್ನಾಗಿದೆ ಎಂದುಬಿಟ್ಟರೆ ಆ ಮಾತು ಅವಳ ಹಿಂದೆಯೇ ಹೋಗುತ್ತದೆ. ವ್ಯಾಪಾರಿ ಹಿಂದಿನ ದಿನವೇ ಸೊಸೆಯನ್ನು ಕರೆದ.

"ನೋಡಮ್ಮ, ನಾಳೆ ಯಾವತ್ತಿನ ಹಾಗೆ ಮಾಡಿ ಹಾಳು ಮಾಡಬೇಡ. ಇಷ್ಟು ವರ್ಷ ನಾವು ಹೇಳಿದ್ದನ್ನೆಲ್ಲ ನೆನಪಿಟ್ಟುಕೊಂಡು ಮಾಡು."

ಆ ಮನೆಯ ಮಾತಿನಲ್ಲಿ ಇದರ ಅರ್ಥ, ಯಾವತ್ತಿನ ಹಾಗೆಯೇ ಮಾಡು ಎಂದು. ಸೊಸೆ, "ಆಗಲಿ ಮಾವ," ಎಂದಳು.

ಅವಳಿಗೆ ಎಲ್ಲವೂ ನೆನಪಿತ್ತು. ಉಪ್ಪು ಹೆಚ್ಚು ಎಂದಿದ್ದರು, ಚಿಟಿಕೆಗೆ ನಿಲ್ಲಿಸಿದಳು. ಖಾರ ಹೆಚ್ಚು ಎಂದಿದ್ದರು, ಮೆಣಸಿನಕಾಯಿ ಪುಡಿಯ ಡಬ್ಬಿಯ ಮುಚ್ಚಳ ತೆಗೆಯಲಿಲ್ಲ. ಮಾಂಸ ಬೆಂದು ಕರಗಿದೆ ಎಂದಿದ್ದರು, ಒಂದು ಕುದಿಗೆ ಇಳಿಸಿದಳು. ಎಳೆ ದಪ್ಪ ಎಂದಿದ್ದರು, ಒರಳಿಗೆ ಅತಿ ಸಣ್ಣ ತೂತಿನ ಬಿಲ್ಲೆ ಹಾಕಿದಳು. ಎಳೆಗಳು ತುಂಡು ತುಂಡಾಗಿ ಬಿದ್ದವು. ತನ್ನದೆಂದು ಅವಳು ಏನನ್ನೂ ಸೇರಿಸಲಿಲ್ಲ. ಅಷ್ಟು ವಿಧೇಯಳಾದ ಸೊಸೆಯನ್ನು ಆ ಮನೆ ಹಿಂದೆ ಕಂಡಿರಲಿಲ್ಲ.

ಬೀಗರು ಎಲೆಯ ಮುಂದೆ ಕೂತರು. ಹಿರಿಯ ಬೀಗ ಕಲಸಿ ಒಂದು ತುತ್ತು ಬಾಯಿಗಿಟ್ಟು ಬಹಳ ಹೊತ್ತು ಅಗಿದ. ನೀರು ಕುಡಿದ. ಹೆಂಡತಿಯ ಮುಖ ನೋಡಿದ.

"ಚೆನ್ನಾಗಿದೆ," ಎಂದ.

"ತುಂಬಾ ಚೆನ್ನಾಗಿದೆ," ಎಂದಳು ಬೀಗಿತಿ.

ಪಂಕ್ತಿಯಲ್ಲಿ ಯಾರ ಕೈಯೂ ಆಡಲಿಲ್ಲ. ಹೊಸ ಮದುಮಗಳು ಗಂಡನ ಪಕ್ಕದಲ್ಲಿ ಕೂತವಳು ತಲೆ ಎತ್ತಲಿಲ್ಲ. ವ್ಯಾಪಾರಿ ಅಡುಗೆಮನೆಗೆ ನುಗ್ಗಿದ.

"ಏನಮ್ಮ ಮಾಡಿಟ್ಟೆ? ಬೀಗರು ಚೆನ್ನಾಗಿದೆ ಅಂದುಬಿಟ್ಟರು."

"ಕೇಳಿಸಿತು ಮಾವ. ಈ ಮನೆಗೆ ಬಂದ ಮೇಲೆ ಇವತ್ತೇ ಮೊದಲು ಕೇಳಿಸಿದ್ದು."

"ಮನೆ ಮಾನ ಕಳೆದೆ."

"ನೀವು ಹೇಳಿದ ಹಾಗೇ ಮಾಡಿದ್ದೇನೆ. ಒಂದು ಮಾತೂ ಮೀರಿಲ್ಲ."

"ನಾವು ಹೇಳಿದ್ದರ ಅರ್ಥ ನಿನಗೆ ಗೊತ್ತಿರಲಿಲ್ಲವಾ?"

"ಗೊತ್ತಿತ್ತು," ಎಂದಳು ಸೊಸೆ. ಒಲೆಯ ಹಿಂದೆ ಮುಚ್ಚಿಟ್ಟಿದ್ದ ಇನ್ನೊಂದು ದೊಡ್ಡ ಪಾತ್ರೆಯ ಮುಚ್ಚಳ ಸರಿಸಿದಳು. ಯಾವತ್ತಿನ ಕೈಮದ ಗೊಜ್ಜು. ಪಕ್ಕದ ಕುಕ್ಕೆಯಲ್ಲಿ ಬಟ್ಟೆ ಹೊದಿಸಿದ ಯಾವತ್ತಿನ ಶಾವಿಗೆ. ವಾಸನೆಗೆ ವ್ಯಾಪಾರಿಯ ಬಾಯಲ್ಲಿ ನೀರೂರಿತು. "ಎಲ್ಲರಿಗೂ ಆಗುವಷ್ಟಿದೆ ಮಾವ. ಎಲೆ ಬದಲಿಸಿ ಈಗಲೇ ಬಡಿಸುತ್ತೇನೆ. ಇಷ್ಟು ವರ್ಷ ನನ್ನ ಅಡುಗೆ ಹೇಗಿತ್ತು ಅಂತ ಒಂದು ಸಲ ಹೇಳಿ, ಸಾಕು. ಬೀಗರ ಮುಂದೆ ಬೇಡ. ಇಲ್ಲೇ, ನನಗೊಬ್ಬಳಿಗೆ ಹೇಳಿ."

ವ್ಯಾಪಾರಿ ಪಾತ್ರೆ ನೋಡಿದ. ಪಡಸಾಲೆಯಲ್ಲಿ ಬೀಗರು ಸುಮ್ಮನೆ ಕೂತಿರುವುದನ್ನು ನೋಡಿದ. ಮಗಳ ಬಗ್ಗಿದ ತಲೆ ನೋಡಿದ. ಅವನ ತುಟಿ ಆಡಿತು.

"ದೃಷ್ಟಿ ಆಗುತ್ತಮ್ಮ," ಎಂದ.

ಸೊಸೆ ಒಂದು ತಟ್ಟೆ ತೆಗೆದುಕೊಂಡಳು. ಶಾವಿಗೆ ಹಾಕಿಕೊಂಡಳು, ಅದರ ಮೇಲೆ ಎರಡು ಸೌಟು ಗೊಜ್ಜು ಸುರಿದುಕೊಂಡಳು. ಒಲೆಯ ಮುಂದೆ ಕಾಲು ಚಾಚಿ ಕೂತು, ಬಿಸಿಬಿಸಿಯಾಗಿ ಉಂಡಳು. ಹೊರಗೆ ಬೀಗರು ಎಲೆ ಬಿಟ್ಟೆದ್ದು ಗಾಡಿ ಹತ್ತಿದರು. ಅವಳು ಇನ್ನೊಂದು ಸೌಟು ಹಾಕಿಕೊಂಡಳು.

ಗುರುಗಳು ಕತೆ ನಿಲ್ಲಿಸಿದರು. ಚೆಲುವರಾಜುವಿಗೆ ಸಿಟ್ಟು ತಡೆಯಲಾಗಲಿಲ್ಲ.

"ಎಂಥ ಮುಠ್ಠಾಳ ಗುರುಗಳೇ ಅವನು. ಕೇಳಿದ್ದು ಒಂದೇ ಮಾತು. ಅಷ್ಟು ವರ್ಷ ಅವಳ ಕೈಯಲ್ಲಿ ಉಂಡಿದ್ದಾನೆ, ಮಗಳ ಸಂಸಾರ ಕಣ್ಣೆದುರಿಗಿದೆ. ಚೆನ್ನಾಗಿತ್ತು ಅಂದಿದ್ದರೆ ಅವನ ಗಂಟೇನು ಹೋಗುತ್ತಿತ್ತು?"

"ಏನೂ ಹೋಗುತ್ತಿರಲಿಲ್ಲ," ಎಂದರು ಗುರುಗಳು.

"ಅಂಥವನಿಗೆ ಆಗಬೇಕಾದ್ದೇ ಆಯಿತು."

"ಅದಿರಲಿ ಚೆಲುವರಾಜು, ಜಯಶೀಲ ಕಡೆಯ ಸಲ ಮಾಡಿದ ಪಾಸ್ತಾ ಹೇಗಿತ್ತು?"

ಚೆಲುವರಾಜು ಬಾಯಿ ತೆರೆದ. ಗರಡಿಯಲ್ಲಿದ್ದವರೆಲ್ಲ ಅವನನ್ನೇ ನೋಡುತ್ತಿದ್ದರು. ಅವನು ಬಾಯಿ ಮುಚ್ಚಿದ.

ಮುಂದಿನ ಭಾನುವಾರ ಅವನ ಮನೆಯಲ್ಲಿ ಪಾಸ್ತಾ ಬದಲು ಉಪ್ಪಿಟ್ಟು ಮಾಡಿದ್ದರು. ಸ್ವಲ್ಪ ಉಳಿಯಿತು.