ಚಪ್ಪಲಿ ಕೂರಿಸಿದ ಧಣಿ

ಹತ್ತಿರ ಬನ್ನಿ ಮಕ್ಕಳೇ. ಹೆದರುವವರು ಪಕ್ಕದವರ ಕೈ ಹಿಡಿದುಕೊಳ್ಳಿ.

ಒಂದು ರಾಜ್ಯದಲ್ಲಿ ಒಂದು ಹೊಳೆ. ದಡದಲ್ಲಿ ಅಂಬಿಗರ ಕೇರಿ. ಹರಿಗೋಲುಗಳೆಲ್ಲ ಧಣಿ ಕೆಂಚಪ್ಪನವು. ಹೊಸ ಹರಿಗೋಲು ನೀರಿಗಿಳಿದಾಗ ಮೊದಲು ಒಡೆಯ ಕೂರಬೇಕು, ಅದು ಅಲ್ಲಿಯ ಪದ್ಧತಿ. ಈ ಪುಕ್ಕಲ ಮಹಾಶಯ ತನ್ನ ಬದಲು ಚಪ್ಪಲಿ ಕೂರಿಸುತ್ತಿದ್ದ!

ಮಳೆಗಾಲದಲ್ಲಿ ಹೊಳೆ ಕೆಂಪಗೆ ಉಕ್ಕಿತು. ಹರಿಗೋಲುಗಳ ತಳದ ಚರ್ಮ ಹರಿದಿತ್ತು.

"ಇವತ್ತು ಬೇಡ ಧಣಿ" ಅಂದ ಕೇರಿಯ ಒಬ್ಬ ಅಂಬಿಗ, ನೀಲವ್ವ ಎಂಬವಳ ಗಂಡ.

"ಹೋಗ್ತೀಯೋ, ಕೇರಿ ಬಿಡ್ತೀಯೋ?"

ಹೋದ. ಅವನ ಕೈಯ ಹುಟ್ಟು ಮಾತ್ರ ತೇಲಿ ಬಂತು.

ಮರುದಿನ ನೀಲವ್ವನ ಅಣ್ಣ ಕೈಮುಗಿದ. "ಹೋಗ್ತೀಯೋ, ಕೇರಿ ಬಿಡ್ತೀಯೋ?" ಹೋದ. ಮುಂಡಾಸು ಮಾತ್ರ ತೇಲಿ ಬಂತು.

ಮೂರನೆಯ ದಿನ ಧಣಿ ನೀಲವ್ವನ ಬಾಗಿಲಿಗೇ ಬಂದ. "ನಾಡಿದ್ದು ನಿನ್ನ ಸರದಿ."

ಪಾಪ, ಅವಳಿಗೆ ಹೊಳೆಯ ಸದ್ದು ತನ್ನ ಹೆಸರನ್ನೇ ಕೂಗಿದಂತೆ ಕೇಳುತ್ತಿತ್ತು. ಹೆದರುತ್ತಲೇ ಮನೆಮನೆಗೆ ಹೋದಳು.

"ನನ್ನ ಸರದಿ ಮುಗಿದ್ರೆ ನಿಮ್ದು ಕಣ್ರೋ. ನಮ್ಮದೇ ಒಂದು ಹರಿಗೋಲು ಕಟ್ಟೋಣ. ನೀರಿಗೆ ಇಳಿಯೋದೋ ಬಿಡೋದೋ ಎಲ್ರೂ ಕೂತು ತೀರ್ಮಾನ ಮಾಡೋಣ. ದುಡಿದದ್ದು ಹಂಚ್ಕೊಂಡು ಉಣ್ಣೋಣ."

ಒಬ್ಬರು ಬಿದಿರು ತಂದರು. ಒಬ್ಬರು ಚರ್ಮ ತಂದರು. ಒಬ್ಬರು ರಾಳ ಕಾಯಿಸಿದರು. ಎರಡೇ ದಿನಕ್ಕೆ ಹರಿಗೋಲು ಎದ್ದಿತು.

ಧಣಿ ಕೆಂಡವಾದ. ಓಡಿಹೋಗಿ ರಾಜನನ್ನೇ ಕರೆತಂದ. "ಈ ಹೊಳೆಯ ಹರಿಗೋಲೆಲ್ಲ ನನ್ನವೇ, ಮಹಾಪ್ರಭು!"

ರಾಜ ನೀಲವ್ವನ ಕಡೆ ತಿರುಗಿದ. ರಾಜನ ಮುಂದೆ ಸುಳ್ಳಾಡಿದರೆ ಆ ರಾಜ್ಯದಲ್ಲಿ ತಲೆದಂಡವೇ ಗತಿ.

"ಹಂಗಾದ್ರೆ ಒಡೆಯರು ಪದ್ಧತಿ ಪ್ರಕಾರ ಮೊದಲು ಕೂರ್ಲಿ, ಬುದ್ಧೀ" ಅಂದಳು.

ಧಣಿ ಚಪ್ಪಲಿ ಬಿಚ್ಚಿದ.

"ಚಪ್ಪಲಿ ಮುಳುಗಿದರೆ ನಿನಗೇನಯ್ಯಾ ನಷ್ಟ? ನೀನು ಕೂರು" ಅಂದ ರಾಜ.

ಧಣಿ ಒಂದು ಕಾಲಿಟ್ಟ. ಹರಿಗೋಲು ಗರ್ರನೆ ತಿರುಗಿತು. "ಅಯ್ಯಯ್ಯೋ, ಇದು ನನ್ನದಲ್ಲ!" ಎಂದು ಚೀರಿ ಕೆಸರಿಗೆ ಬಿದ್ದ.

"ಮತ್ತೆ ಯಾರದು?"

ನೀಲವ್ವ ಕಣ್ಣುಮುಚ್ಚಿ ಹತ್ತಿದಳು. ಹಿಂದೆಯೇ ಕೇರಿಯವರೆಲ್ಲ ಒಬ್ಬೊಬ್ಬರಾಗಿ ಹತ್ತಿದರು. "ನಮ್ದು" ಅಂದರು.

"ನಿಮ್ಮದೇ ಸರಿ. ಇನ್ನು ದಾಟಿ" ಅಂದ ರಾಜ.

ನೀಲವ್ವ ಉಕ್ಕುವ ನೀರನ್ನು ನೋಡಿದಳು. ಜೊತೆಯವರ ಮುಖ ನೋಡಿದಳು. ಗಂಡ ಆಡಿದ ಅದೇ ಮಾತು ಅವಳ ಬಾಯಿಗೆ ಬಂತು.

"ಇವತ್ತು ಬೇಡ."

ಈ ಸಲ ಆ ಮಾತು ನಡೆಯಿತು, ಮಕ್ಕಳೇ. ಜೀವ ಒತ್ತೆಯಿಟ್ಟು ದುಡಿಯುವವರೇ ಕೂಡಿ ಒಡೆಯರಾದರೆ, ಬೇಡ ಅನ್ನುವ ಅಧಿಕಾರವೂ ಅವರದ್ದೇ ಆಗುತ್ತದೆ. ಈಗ ಹಿಡಿದ ಕೈ ಬಿಡಿ. ಅಥವಾ ಬಿಡಬೇಡಿ, ಹಾಗೇ ಇರಲಿ.