ದೊರೆತನ ದಿಬ್ಬ

ಹಂಗಾರಕೋಡಿನ ಅಳಿವೆಯ ತೆಂಕಣ ಮಗ್ಗುಲಲ್ಲಿ, ಹೊಳೆ ಕಡಲಿಗೆ ತಿರುಗುವ ಮೂಲೆಯಲ್ಲಿ, ಕೆಂಪು ಮುರಕಲ್ಲಿನದೊಂದು ದಿಬ್ಬವಿದೆ. ಅಂಥ ಎತ್ತರವೇನಲ್ಲ, ಬುಡದಲ್ಲಿ ಬಲೆ ಹರವುವವರು ಕೂಗಿದರೆ ನೆತ್ತಿಯಲ್ಲಿ ದನ ಮೇಯಿಸುವವರಿಗೆ ಕೇಳಿಸುತ್ತದೆ. ಮೇಲೆಲ್ಲ ಕರಡದ ಹುಲ್ಲು, ಕುಂಟಲ ಹಣ್ಣಿನ ಪೊದೆ, ಬೇಸಗೆಯಲ್ಲಿ ಅಂಗಾಲು ಸುಡುವ ಕೆಂಪು ಹಾಸು. ನಕ್ಷೆ ಬರೆದ ಯಾರೋ ಪುಣ್ಯಾತ್ಮರು ಇದನ್ನು 'ದೊರೆ ದಿಬ್ಬ' ಎಂದು ಕಾಣಿಸಿದ್ದಾರೆ. ಆದರೆ ಇಲ್ಲಿ ಯಾವ ದೊರೆಯೂ ಆಳಿದ ಸುದ್ದಿಯಿಲ್ಲ. ಇಲ್ಲಿ ಹಿಂದೆ ನಿಧಿ ದೊರೆತಿತ್ತು, ಅದಕ್ಕೇ ಈ ಹೆಸರು ಎಂದು ನಂಬಿ ಅಗೆದು ನೋಡಿದವರೂ ಉಂಟು. ಅವರಿಗೆ ಸಿಕ್ಕಿದ್ದು ಹಾವಿನ ಪೊರೆ. ಊರಿನವರ ಬಾಯಲ್ಲಿ ಮಾತ್ರ ಇದು ಮೊದಲಿನಿಂದಲೂ ದೊರೆತನ ದಿಬ್ಬ. ದೊರೆತ ಎಂಬುದು ಒಬ್ಬ ಮನುಷ್ಯನ ಹೆಸರು. ಆ ಹೆಸರು ಹುಟ್ಟಿದ್ದು ಕಡಲಾಚೆ, ಯವನರ ನಾಡಿನಲ್ಲಿ.

ಹಿಂದೆ ಒಮ್ಮೆ, ಪಡುವಣ ದೇಶದ ಹಡಗುಗಳು ಅಕ್ಕಿ ಮೆಣಸಿಗಾಗಿ ಈ ಅಳಿವೆಯ ತನಕ ಬಂದು ಹೋಗುತ್ತಿದ್ದ ಕಾಲದಲ್ಲಿ, ಹಂಗಾರಕೋಡು ದೇರಣ್ಣ ಹೆಗ್ಗಡೆಯ ಆಳ್ವಿಕೆಯಲ್ಲಿತ್ತು ಎನ್ನುತ್ತಾರೆ. ಹೆಗ್ಗಡೆಯದು ಅಳಿಯಕಟ್ಟಿನ ಮನೆ, ಒಡೆತನ ಮಗನಿಗಲ್ಲ, ಸೋದರಳಿಯನಿಗೆ. ಅಕ್ಕ ಸಂಕಮ್ಮನ ಒಬ್ಬನೇ ಮಗ ಕಾಂತಣ್ಣ ಮುಂದೆ ಗದ್ದುಗೆಯಲ್ಲಿ ಕೂರಬೇಕಾದವನು. ಒಂದು ವರ್ಷ ಹೆಗ್ಗಡೆ ಘಟ್ಟದ ಮೇಲಕ್ಕೆ ಹೋಗಿದ್ದಾಗ ಒಂದು ಯವನರ ಹಡಗು ಬಂತು. ದಾರಿಯಲ್ಲಿ ಜ್ವರಕ್ಕೆ ಆಳುಗಳನ್ನು ಕಳೆದುಕೊಂಡಿದ್ದ ಅದರ ಯಜಮಾನ ಮರಳ ದಂಡೆಯಲ್ಲೇ ನಿಂತು, ಹುಟ್ಟು ಹಾಕಲು ಬಂದವರಿಗೆ ಕೈತುಂಬ ಸಂಬಳ ಕೊಡುತ್ತೇನೆ, ಮುಂದಿನ ವರ್ಷದ ಗಾಳಿಗೆ ತಿರುಗಿ ತಂದು ಬಿಡುತ್ತೇನೆ ಎಂದ. ಮೀನು ಹಿಡಿಯುವ ಮೊಗವೀರರ ಕೇರಿಯ ಗಟ್ಟಿಮುಟ್ಟಾದ ಗಂಡಸರು ಹೊರಟರು. ಕಡಲು ಕಾಣುವ ಚಪಲದಿಂದ ಕಾಂತಣ್ಣನೂ ತಾಯಿಗೆ ಹೇಳದೆ ಹಡಗು ಹತ್ತಿದ. ಯಜಮಾನನ ಹೆಸರು ದೊರೊತೆ ಎಂದು ಊರಿಗೆ ಗೊತ್ತಾದದ್ದು ಅವನು ಹೋದ ಮೇಲೆ, ಬೇರೆ ವ್ಯಾಪಾರಿಗಳ ಬಾಯಿಂದ. ಮುಂದಿನ ಗಾಳಿ ಬಂತು, ಅದರ ಮುಂದಿನದೂ ಬಂತು. ಹೋದವರು ಬರಲಿಲ್ಲ.

ಹೋದವರಲ್ಲಿ ಬಚ್ಚ ಎಂಬವನಿದ್ದ. ಅವನ ಹೆಂಡತಿ ಅಕ್ಕಣಿ. ಮದುವೆಯಾಗಿ ಒಂದು ಮಳೆಗಾಲವನ್ನಷ್ಟೇ ಗಂಡನೊಂದಿಗೆ ಕಳೆದಿದ್ದ ಹೆಣ್ಣು. ಗಂಡ ಸತ್ತನೆಂದು ಯಾರೂ ಹೇಳದ ಕಾರಣ ಅವಳು ವಿಧವೆಯಲ್ಲ. ಬದುಕಿದ್ದಾನೆಂದು ತೋರಿಸಲು ಯಾರೂ ಇಲ್ಲದ ಕಾರಣ ಮುತ್ತೈದೆಯಾಗಿ ನಾಲ್ಕು ಮಂದಿಯ ನಡುವೆ ನಿಲ್ಲಲೂ ಆಗದು. ತವರಿನಿಂದ ಅಣ್ಣ ಕರೆಯಲು ಬಂದರೆ ಅತ್ತೆ ಬಿಡಲಿಲ್ಲ, 'ಬಚ್ಚ ಬಂದ್ರೆ ಮನೆ ಬರಿದಾಗಿರ್ಬೇಕಾ?' ಎಂದಳು. ಹೀಗೆ ಬಾಗಿಲು ತೆರೆದೇ ಇದ್ದ ಮನೆಯಲ್ಲಿ ಅಕ್ಕಣಿ ಸಿಕ್ಕಿಬಿದ್ದಳು.

ಮೂರನೆಯ ಗಾಳಿಗೆ ಇನ್ನೊಂದು ಹಡಗು ಕುಡಿನೀರಿಗೆಂದು ಅಳಿವೆಯಲ್ಲಿ ನಿಂತಿತು. ಅದರಿಂದ ಇಳಿದವನೊಬ್ಬ ತೆಳ್ಳಗಿನ ಆಳು, ಗಡ್ಡಧಾರಿ, ಕೊರಳಲ್ಲಿ ಮರದ ಶಿಲುಬೆ. ಮಲೆಯಾಳದ ಕಡೆಯಲ್ಲಿದ್ದ ತನ್ನ ಮತದವರಿಗೆ ಗ್ರಂಥ ಓದಿಸಲು ಹೊರಟ ಗುರು ಅವನು. ನೀರು ಕೊಟ್ಟ ಊರಿನ ಒಡೆಯನಿಗೆ ಕೈಮುಗಿದು ಬರೋಣವೆಂದು ಚಾವಡಿಗೆ ಬಂದ. ಎರಡೂ ಕಡೆಯ ನುಡಿಯನ್ನು ಅಷ್ಟಿಷ್ಟು ಬಲ್ಲ ಬ್ಯಾರಿ ವ್ಯಾಪಾರಿಯೊಬ್ಬ ನಡುವೆ ನಿಂತಿದ್ದ. ಹೆಗ್ಗಡೆ ಹೆಸರು ಕೇಳಿದ. 'ದೊರೊತೆಯೋಸ್' ಎಂದ ಬಂದವನು. ಮರುಗಳಿಗೆಯಲ್ಲಿ ಅವನ ಕೈಗಳನ್ನು ಬೆನ್ನ ಹಿಂದೆ ಕಟ್ಟಿಯಾಗಿತ್ತು. ಸುದ್ದಿ ತಿಳಿದ ಹಡಗಿನವರು ಲಂಗರು ಕಿತ್ತು ಓಡಿಹೋದರು. ದಿಬ್ಬದ ಹೊಟ್ಟೆಯಲ್ಲಿ ಉಪ್ಪು ತುಂಬಿಡಲು ಕಡಿದ ಗವಿಯೊಂದಿತ್ತು. ಅದಕ್ಕೆ ಹಲಸಿನ ಹಲಗೆಯ ಬಾಗಿಲಿಟ್ಟು ಅವನನ್ನು ಒಳಗೆ ತಳ್ಳಿದರು. 'ನನ್ನ ಅಳಿಯ ಈ ದಂಡೆಗೆ ಕಾಲಿಟ್ಟ ದಿನ ನಿನಗೆ ಬಿಡುಗಡೆ' ಎಂದ ಹೆಗ್ಗಡೆ.

ಅವನನ್ನು ದಿಬ್ಬಕ್ಕೆ ಎಳೆದೊಯ್ಯುವಾಗ ಕೇರಿಯ ಹೆಂಗಸರು ದಾರಿಯ ಎರಡೂ ಬದಿಗೆ ನಿಂತಿದ್ದರು. ಆ ಮೊದಲಿನ ಯಜಮಾನನ ಮುಖವನ್ನು ಹತ್ತಿರದಿಂದ ಕಂಡವರೆಂದರೆ ಅಂದು ಮರಳಿನ ಮೇಲೆ ಮೀನು ಒಣಗಿಸುತ್ತಿದ್ದ ಈ ಹೆಂಗಸರೇ. ಅವನು ದಢೂತಿ ಆಳು. ಒಂದು ಕಣ್ಣಿನ ಮೇಲೆ ಹುಬ್ಬಿರಲಿಲ್ಲ, ಸುಟ್ಟ ಕಲೆಯಿತ್ತು. ಅಕ್ಕಣಿ ಪಕ್ಕದಲ್ಲಿದ್ದ ಮುದುಕಿ ಮುತ್ತಕ್ಕನ ಕಡೆ ಬಾಗಿ, 'ಇವ ಅವ ಅಲ್ಲ ಮುತ್ತಕ್ಕ' ಎಂದಳು. ಮುತ್ತಕ್ಕನ ಮಗನೂ ಅದೇ ಹಡಗಿನಲ್ಲಿ ಹೋಗಿದ್ದ. ಅವಳು ಅಕ್ಕಣಿಯ ಮಣಿಕಟ್ಟನ್ನು ಉಗುರು ನಾಟುವಂತೆ ಹಿಡಿದಳು. 'ಸುಮ್ನಿರ್ ಹೆಣೆ. ನಂಗೆ ಕಣ್ಣಿಲ್ಯಾ? ಇವ ಒಳಗೆ ಇಪ್ಪತನ್ಕ ನಮ್ಮ ಮಕ್ಳ್ ಬದ್ಕಿದ್ದಾಂಗೆ. ಇವ್ನ ಬಿಡ್ಸುಕೆ ಬಪ್ಪವ್ರ್ ಅವ್ರನ್ನ ಕರ್ಕಂಡ್ ಬತ್ರ್.' ಅಕ್ಕಣಿ ಬಾಯಿ ಮುಚ್ಚಿದಳು. ಅವಳಿಗೂ ಅದೇ ಬೇಕಾಗಿತ್ತು.

ಸೆರೆಯವನ ಮೇಲೆ ಯಾರೂ ಕರುಣೆ ತೋರಬಾರದೆಂದು, ಗಂಜಿ ಒಯ್ಯುವ ಕೆಲಸವನ್ನು ಹೆಗ್ಗಡೆ ಕಾಣೆಯಾದವರ ಮನೆಯವರಿಗೇ ವಹಿಸಿದ. ಅದು ಅಕ್ಕಣಿಯ ಪಾಲಿಗೆ ಬಂತು. ಬಾಗಿಲ ಪಕ್ಕದಲ್ಲಿ ಒಂದು ಕಿಂಡಿ. ತಟ್ಟೆ ತೂರುವಷ್ಟು ಅಗಲ. ಮೊದಮೊದಲು ಅವಳು ಮುಖ ತಿರುಗಿಸಿಕೊಂಡೇ ತಟ್ಟೆ ಇಟ್ಟು ಬರುತ್ತಿದ್ದಳು. ಒಳಗಿನವನು ಉಪ್ಪಿನ ತೇವಕ್ಕೆ ಕೆಮ್ಮುತ್ತಿದ್ದ, ತಲೆ ತಗ್ಗಿಸಿಯೇ ಇರಬೇಕಾದ ಗವಿಯಲ್ಲಿ ಬೆನ್ನು ಬಾಗಿ ಹೋಗಿತ್ತು. ಆದರೂ ದಿನಾ ಒಂದೊಂದು ವಸ್ತುವಿನ ಕಡೆ ಬೆರಳು ತೋರಿ ಅದರ ಹೆಸರು ಕೇಳುತ್ತಿದ್ದ. ಗಂಜಿ, ತಟ್ಟೆ, ಹೊಳೆ, ಗಾಳಿ. ಮಳೆಗಾಲ ಮುಗಿಯುವಷ್ಟರಲ್ಲಿ ಅವನ ಬಾಯಲ್ಲಿ ಕೇರಿಯ ಕನ್ನಡ ಕುಂಟುತ್ತ ನಡೆಯತೊಡಗಿತು.

ಮಾತು ಇನ್ನಷ್ಟು ಕುದುರಿದ ಮೇಲೆ ಒಂದು ದಿನ ಅವನು ತಾನಾಗಿಯೇ ಹೆಸರಿನ ಮಾತು ತೆಗೆದ. 'ನನ್ನ ಹೆಸರು ತಾಯಿ ಇಟ್ಟದ್ದು. ದೇವರು ಕೊಟ್ಟದ್ದು ಅಂತ ಅರ್ಥ. ಆದರೆ ಅದು ನನ್ನೊಬ್ಬನದ್ದಲ್ಲ. ಹಿಂದೆ ಆ ಹೆಸರಿನ ಒಬ್ಬ ದೊಡ್ಡ ಪಂಡಿತ ಇದ್ದ, ಪವಿತ್ರ ಗ್ರಂಥವನ್ನು ಅದರ ಮೂಲನುಡಿಯಲ್ಲೇ ಓದುವವ. ಇನ್ನೊಬ್ಬ ಅರಮನೆಯಲ್ಲಿದ್ದವ, ನಂಬಿದ ದೇವರನ್ನು ಬಿಡೆನೆಂದು ಪ್ರಾಣ ಕೊಟ್ಟ. ಮತ್ತೊಬ್ಬ ಮಠದಲ್ಲಿ ಕಾಯಿಲೆಯವರ ಸೇವೆ ಮಾಡಿದವ. ನಮ್ಮ ಪಂಡಿತರೇ ತಪ್ಪುತ್ತಾರೆ, ಒಬ್ಬ ಬರೆದದ್ದನ್ನು ಇನ್ನೊಬ್ಬನದು ಅನ್ನುತ್ತಾರೆ, ಒಬ್ಬನ ಸಾವನ್ನು ಇನ್ನೊಬ್ಬನಿಗೆ ಹಚ್ಚುತ್ತಾರೆ. ನನಗೆ ಯಾರದೋ ಪಾಪ ಹಚ್ಚಿದ್ದಾರೆ.' ಅಕ್ಕಣಿಗೆ ತಮ್ಮ ಕೇರಿಯ ನೆನಪಾಯಿತು. ಅಲ್ಲಿಯೂ ಅಜ್ಜನ ಹೆಸರು ಮೊಮ್ಮಗನಿಗೆ; ಹೆರಿಯ ಎಂದು ಕರೆದರೆ ನಾಲ್ಕು ಮನೆಯಿಂದ ಓಗೊಡುತ್ತಿದ್ದರು. 'ನಮ್ಮ ಮಾತಲ್ಲಿ ನಿನ್ ಹೆಸ್ರ್ ದೊರೆತ ಅಂದಾಂಗೆ ಕೇಂತ್' ಎಂದಳು. 'ದೊರೆತ ಅಂದ್ರೆ ಸಿಕ್ಕಿದ್ದು.' ಅವನು ನಕ್ಕ. ಅವಳಿಗೂ ನಗು ಬಂತು, ಬಂದದ್ದಕ್ಕೆ ಹೆದರಿಕೆಯೂ ಆಯಿತು. ಆಗ ಅವನು ಮೆಲ್ಲನೆ ಕೇಳಿದ: 'ಆ ಇನ್ನೊಬ್ಬನನ್ನು ನೀನು ಕಂಡಿದ್ದೀಯಾ ಅಕ್ಕಣಿ? ನನ್ನ ಹಾಗೇ ಇದ್ದನೇ?' ಅವಳು ಖಾಲಿ ತಟ್ಟೆ ಎಳೆದುಕೊಂಡು ದಿಬ್ಬ ಇಳಿದಳು. ಮತ್ತೆ ಬಹುದಿನ ಅವಳು ಅವನೊಡನೆ ಮಾತಾಡಲಿಲ್ಲ. ಅವನೂ ಮತ್ತೆ ಕೇಳಲಿಲ್ಲ. ಆ ಕಿಂಡಿಯ ಒಳಗಿರುವುದು ತಾನೋ ಅವನೋ ಎಂದು ಅವಳಿಗೆ ಎಷ್ಟೋ ಸಲ ಅನ್ನಿಸುತ್ತಿತ್ತು.

ವರ್ಷಗಳು ಕಳೆದವು. ಸೆರೆಯವನನ್ನು ಬಿಡಿಸಿಕೊಳ್ಳಲು ಯಾರೂ ಬರಲಿಲ್ಲ. ಸಂಕಮ್ಮನಿಗೆ ತಾಳ್ಮೆ ಮುಗಿಯಿತು. 'ಒತ್ತೆಗೆ ಇಟ್ಟುಕೊಂಡವನನ್ನು ಕೇಳುವವರೇ ಇಲ್ಲದಿದ್ದರೆ ಅವನಿಗೆ ಗಂಜಿ ಯಾಕೆ? ನನ್ನ ಮಗನಿಗೆ ಗಾಳಿ ಬೆಳಕು ಉಂಟೋ ಇಲ್ಲವೋ, ಇವನಿಗೂ ಬೇಡ' ಎಂದಳು. ಅಕ್ಕನ ಮಾತನ್ನು ಹೆಗ್ಗಡೆ ಮೀರುವವನಲ್ಲ. ಮಳೆ ಹಿಡಿಯುವ ಮೊದಲು ಗವಿಯ ಬಾಯಿಗೆ ಕಲ್ಲು ಕಟ್ಟಿಸಲು ಅಪ್ಪಣೆಯಾಯಿತು. ಅಂದು ಅಕ್ಕಣಿ ಗಂಜಿ ತಂದಾಗ ಕೆಲಸದವರು ಆಗಲೇ ಮೊಣಕಾಲೆತ್ತರ ಕಟ್ಟಿದ್ದರು. 'ಕಲ್ಲು ಯಾಕೆ?' ಎಂದು ಒಳಗಿನಿಂದ ದನಿ ಬಂತು. 'ಮಳೆಗೆ' ಎಂದಳು. ಅವನು ಕಿಂಡಿಯ ಹತ್ತಿರ ಸರಿದು ಏರುತ್ತಿದ್ದ ಕಲ್ಲುಗಳನ್ನು ನೋಡಿದ. ಆಮೇಲೆ, 'ನಾಳೆ ಯಾರಾದರೂ ಇಲ್ಲಿ ಯಾರಿದ್ದ ಎಂದು ಕೇಳಿದರೆ ನನ್ನ ಹೆಸರು ಹೇಳು. ಅದು ನನ್ನದು ಎಂದು ಹೇಳು, ಅವನದ್ದಲ್ಲ' ಎಂದ. ಬಿಡಿಸು ಎನ್ನಲಿಲ್ಲ, ಅಳಲಿಲ್ಲ. ಗಂಜಿಯ ತಟ್ಟೆ ಅಕ್ಕಣಿಯ ಕೈಯಲ್ಲೇ ಉಳಿಯಿತು.

ಅವಳು ನೇರ ಚಾವಡಿಗೆ ಹೋದಳು. ಹೆಗ್ಗಡೆಯೂ ಸಂಕಮ್ಮನೂ ಅಲ್ಲಿದ್ದರು. 'ಒಡೆಯಾ, ಅವ ನಮ್ಮವ್ರನ್ನ ಕರ್ಕಂಡ್ ಹೋದವ ಅಲ್ಲ. ಆ ಯಜಮಾನನ ಮುಖ ನಾನ್ ಕಂಡಿದೆ. ಹುಬ್ಬ್ ಇರ್ಲಿಲ್ಲ, ಸುಟ್ಟ ಕಲೆ ಇತ್ತ್. ಮೊದ್ಲ್ ದಿನವೇ ನಂಗೆ ಗೊತ್ತಿತ್ತ್.'

'ಗೊತ್ತಿದ್ದರೆ ಇಷ್ಟು ವರ್ಷ ನಾಲಿಗೆ ಎಲ್ಲಿಟ್ಟಿದ್ದೆ?' ಎಂದು ಹೆಗ್ಗಡೆ ಗುಡುಗಿದ. 'ಅನ್ನ ಹಾಕಿ ಹಾಕಿ ಅವನ ಮೇಲೆ ಮರುಕ ಹುಟ್ಟಿದೆ. ಸುಳ್ಳು ಹೇಳಿ ಬಿಡಿಸಲು ಬಂದಿದ್ದಿ.'

ಅಕ್ಕಣಿ ಎರಡೂ ಕೈ ಕೊರಳಿಗೆ ಒಯ್ದು ಕರಿಮಣಿ ಬಿಚ್ಚಿ ಚಾವಡಿಯ ನೆಲದ ಮೇಲಿಟ್ಟಳು. 'ಅವ ಅಲ್ಲ ಅಂದ್ರೆ ನನ್ ಗಂಡ ಬಪ್ಪುದಿಲ್ಲ ಒಡೆಯಾ. ಅದನ್ನ ಹೇಳುಕೆ ನಂಗೆ ಇಷ್ಟ್ ವರ್ಷ ಬೇಕಾಯ್ತ್. ಸುಳ್ಳಿಗೆ ಯಾರಾರೂ ಇದನ್ನ ತೆಗಿತ್ರಾ?'

ಸಂಕಮ್ಮ ಎದ್ದು ಬಂದು ಅವಳ ಕೆನ್ನೆಗೆ ಹೊಡೆದಳು. ಮತ್ತೊಮ್ಮೆ ಎತ್ತಿದ ಕೈ ಹಾಗೆಯೇ ನಿಂತಿತು. 'ಹಾಗಾದರೆ ನನ್ನ ಕಾಂತಣ್ಣ?' ಎಂದಳು. ಅವಳು ಕಂಬ ಹಿಡಿದು ಜಾರಿ ಕುಳಿತು, ಮಗ ಹೋದ ಮೇಲೆ ಮೊದಲ ಬಾರಿಗೆ ದನಿ ತೆಗೆದು ಅತ್ತಳು. ಹೆಗ್ಗಡೆ ಬರಿಗಾಲಲ್ಲಿ ದಿಬ್ಬ ಹತ್ತಿದ. ಕೆಲಸದವರನ್ನು ಬದಿಗೆ ಸರಿಸಿ ಅಷ್ಟರಲ್ಲಿ ಎದೆಮಟ್ಟ ಏರಿದ್ದ ಹಸಿಮಣ್ಣಿನ ಕಲ್ಲುಗಳನ್ನು ತಾನೇ ಕಿತ್ತು ಬಾಗಿಲು ತೆರೆದ. ಒಳಗಿನವನು ಹೊರಬಂದರೂ ನೆಟ್ಟಗೆ ನಿಲ್ಲಲಾರದೆ ಬೆಳಕಿಗೆ ಕಣ್ಣು ಮುಚ್ಚಿಕೊಂಡ. 'ಹೆಸರು ಕೇಳಿದೆ, ಮನುಷ್ಯನನ್ನು ಕೇಳಲಿಲ್ಲ. ತಪ್ಪು ನನ್ನದು' ಎಂದು ಹೆಗ್ಗಡೆ ಅವನ ಮುಂದೆ ತಲೆ ಬಾಗಿಸಿದ.

ಮರುವಾರ ಅಳಿವೆಯ ದಂಡೆಯಲ್ಲಿ ಹೋದವರೆಲ್ಲರ ಹೆಸರು ಹಿಡಿದು ಎಳ್ಳುನೀರು ಬಿಟ್ಟರು. ದೊರೆತನೂ ಬಂದು ದೂರದಲ್ಲಿ ನಿಂತು ತನ್ನ ನುಡಿಯಲ್ಲಿ ಏನೋ ಪ್ರಾರ್ಥಿಸಿದ. ಕೇರಿ ಮಾತ್ರ ಅಕ್ಕಣಿಯನ್ನು ಕ್ಷಮಿಸಲಿಲ್ಲ. 'ನಮ್ಮ ಮಕ್ಳನ್ನ ಕೊಂದವ್ಳ್ ನೀನ್' ಎಂದು ಮುತ್ತಕ್ಕ ಅವಳ ಅಂಗಳಕ್ಕೆ ಬಂದು ಉಗುಳಿ ಹೋದಳು. ಅತ್ತೆ ಬಾಗಿಲು ಹಾಕಿಕೊಂಡಳು, ಆ ಮಳೆಗಾಲವನ್ನು ಅಕ್ಕಣಿ ಜಗಲಿಯಲ್ಲೇ ಕಳೆದಳು. ಮಳೆ ಕಳೆದು ಹಡಗು ಬಂದಾಗ ಹೆಗ್ಗಡೆ ದೊರೆತನಿಗೆ ದಾರಿಯ ಅಕ್ಕಿ ಬೆಲ್ಲ ಹೊರಿಸಿ ಕಳುಹಿಸಿದ. ಹತ್ತುವ ಮೊದಲು ಅವನು ಅಕ್ಕಣಿಯನ್ನು ಹುಡುಕಿ ಬಂದ. 'ಮೊದಲ ದಿನವೇ ಗೊತ್ತಿತ್ತಂತೆ' ಎಂದ. 'ಹೌದ್' ಎಂದಳು. 'ನಿನ್ನ ಜಾಗದಲ್ಲಿದ್ದರೆ ನಾನು ಹೇಳುತ್ತಿದ್ದೆನೋ ಇಲ್ಲವೋ' ಎಂದು ಹೇಳಿ ಬಾಗಿದ ಬೆನ್ನಿನಲ್ಲೇ ದೋಣಿಯ ಕಡೆ ನಡೆದ. ಅದೇ ವಾರ ಅಣ್ಣ ಬಂದು ಅಕ್ಕಣಿಯನ್ನು ತವರಿಗೆ ಕರೆದೊಯ್ದ. ಮುಂದೆ ಅವಳು ಇನ್ನೊಬ್ಬನ ಕೈಹಿಡಿದು ಹೊಳೆಯಾಚೆಯ ದಂಡೆಯಲ್ಲಿ ಮನೆ ಮಾಡಿದಳು. ಚೊಚ್ಚಲ ಮಗನಿಗೆ ದೊರೆತ ಎಂದು ಹೆಸರಿಟ್ಟಳು.

ಇಂದು ದಿಬ್ಬಕ್ಕೆ ಬಂದವರು ಪಡುವಣ ಮಗ್ಗುಲಿಗೆ ಇಳಿದರೆ ಗವಿಯ ಬಾಯಿ ಕಾಣುತ್ತದೆ. ಬಾಗಿಲು ಎಂದೋ ಮಣ್ಣಾಗಿದೆ. ಬಾಗಿಲಿದ್ದಲ್ಲಿ ಅಡ್ಡಕ್ಕೆ ಮೊಣಕಾಲೆತ್ತರದ ಕಲ್ಲಿನ ಸಾಲೊಂದು ಅರ್ಧಕ್ಕೇ ನಿಂತಿದೆ. ಹೆಗ್ಗಡೆ ಕೀಳದೆ ಬಿಟ್ಟ ಕಲ್ಲುಗಳು ಅವು ಎನ್ನುತ್ತಾರೆ. ಒಳಗೆ ಹೋಗಬೇಕಾದರೆ ಅದನ್ನು ದಾಟಿ, ತಲೆ ತಗ್ಗಿಸಿ ನುಗ್ಗಬೇಕು. ಗೋಡೆಗೆ ನಾಲಿಗೆ ತಾಗಿಸಿದರೆ ಇನ್ನೂ ಉಪ್ಪು. ಎರಡೂ ದಂಡೆಯ ಮೊಗವೀರರ ಮನೆಗಳಲ್ಲಿ ಈಗಲೂ ದೊರೆತ ಎಂಬ ಹೆಸರು ಇಡುತ್ತಾರೆ. ಅಂಚೆಯವನು ಮನೆತನದ ಹೆಸರು ನೋಡದೆ ಕಾಗದ ಕೊಡುವುದಿಲ್ಲ. ಯಾರಾದರೂ ಕೇರಿಗೆ ಬಂದು ದೊರೆತನ ಮನೆ ಎಲ್ಲಿ ಎಂದು ವಿಚಾರಿಸಿದರೆ, ಹೆಂಗಸರು ಕೈಕೆಲಸ ನಿಲ್ಲಿಸಿ ಮೊದಲು ಕೇಳುವುದು ಒಂದೇ ಮಾತು: 'ಯಾವ ದೊರೆತ? ಕಾಂಬುಕೆ ಹ್ಯಾಂಗಿದ್ದ?'