ನೀಲವ್ವನ ಹೊಸ್ತಿಲು

ನಮ್ಮ ಸೀಮೆಯ ಪ್ಯಾಸೆಂಜರ್ ಗಾಡಿ ಬಂಡೆಯ ಇಕ್ಕಟ್ಟಿನಲ್ಲಿ ಒಂದು ಹಳೆಯ ಮನೆಯ ಮುಂದೆ ನಿಲ್ಲುತ್ತದೆ. ಪ್ಲಾಟ್‌ಫಾರ್ಮ್ ಇಲ್ಲ, ಹೊಸ್ತಿಲೇ ಮೆಟ್ಟಿಲು. ಹಳದಿ ಫಲಕದ ಮೇಲೆ ‘ನೀಲವ್ವನ ಹೊಸ್ತಿಲು’ ಎಂದಿದೆ. ಯಾರೋ ದೊಡ್ಡ ದಾನಿಯ ಹೆಸರಿರಬೇಕು ಎಂದುಕೊಳ್ಳುವವರನ್ನು ಕೂರಿಸಿ ನಾನು ಈ ಐತಿಹ್ಯ ಹೇಳುವುದುಂಟು.

ಹಿಂದೆ ಒಮ್ಮೆ ಇಲ್ಲಿಯ ಮನೆಗಳೆಲ್ಲ ಮೂಡಲಿಗೆ ಮುಖ ಮಾಡಿದ್ದವು. ಎದುರಿಗೆ ಬೀದಿ, ಅದರಾಚೆ ಬಂಡೆ. ರೈಲು ಹಳಿ ಹಾಸುವವರು ಆ ಬೀದಿಯನ್ನೇ ಹಿಡಿದರು. ಗಾಡಿಯ ಭಯಕ್ಕೆ ಮುಂಬಾಗಿಲುಗಳನ್ನೆಲ್ಲ ಇಟ್ಟಿಗೆ ಕಟ್ಟಿ ಮುಚ್ಚಿದರು. ಕಟ್ಟೆಯ ಹರಟೆ ಹಿತ್ತಲಿಗೆ ಹೋಯಿತು, ಬೀಗರು ಕೂಡ ಬಚ್ಚಲು ದಾಟಿ ಒಳಗೆ ಬರುವಂತಾಯಿತು. ಹೊಗೆಗೆ ಹೆದರಿ ಕಿಟಕಿಗಳನ್ನು ಸೂರಿನಡಿಗೆ ಏರಿಸಿದರು; ಹಗಲಲ್ಲೂ ದೀಪ ಬೇಕು. ವಿಧವೆ ನೀಲವ್ವನ ಮಾವ ಬಾಳಪ್ಪ ಆ ಕತ್ತಲಲ್ಲೇ ಹಾಸಿಗೆ ಹಿಡಿದ. ಹೆಣ ಮುಂಬಾಗಿಲಿಂದಲೇ ಹೊರಡಬೇಕು, ಹಿತ್ತಲಿಂದ ಒಯ್ದರೆ ಜೀವ ಮನೆಯಲ್ಲೇ ಸಿಕ್ಕಿಕೊಳ್ಳುತ್ತದೆ ಎನ್ನುತ್ತಾರೆ. “ನನ್ನ ಇಲ್ಲೇ ಕೂಡಿ ಹಾಕಬ್ಯಾಡವ್ವಾ” ಎಂದು ಮುದುಕ ಸೊಸೆಯ ಕೈ ಹಿಡಿದು ಅತ್ತ. ಅವಳು ಮಾತು ಕೊಟ್ಟಳು.

ಅವನು ಸತ್ತ ದಿನ ನೀಲವ್ವ ತಾನೇ ಹಾರೆ ಹಿಡಿದು ಇಟ್ಟಿಗೆ ಕೆಡವಿದಳು. ಒಂದು ಕಡೆ ಗೋಡೆ, ಇನ್ನೊಂದು ಕಡೆ ಬಂಡೆ. ಚಟ್ಟ ಹೊತ್ತವರು ಹಳಿಯ ಮೇಲೆಯೇ ನಡೆಯಬೇಕಾಯಿತು. ಅಷ್ಟರಲ್ಲಿ ಹಿಂದೆ ಗಾಡಿ ಕೂಗಿತು. ಸರಿಯಲು ಜಾಗವಿಲ್ಲ, ಹೆಣ ಬಿಟ್ಟು ಓಡಲು ಮನಸ್ಸಿಲ್ಲ. ಡ್ರೈವರ್ ಹೇಗೋ ಗಾಡಿ ತಡೆದ, ಟೊಪ್ಪಿಗೆ ತೆಗೆದ, ಬಂಡೆ ಮುಗಿಯುವವರೆಗೂ ಹೆಣದ ಹಿಂದೆಯೇ ಗಾಡಿ ತೆವಳಿಸಿದ. ಅಂಥ ಮೆರವಣಿಗೆ ಯಾವ ದೇಸಾಯಿಗೂ ಸಿಕ್ಕಿಲ್ಲ ಎಂದು ನಮ್ಮವರು ಈಗಲೂ ಬೀಗುತ್ತಾರೆ.

ಆಮೇಲೆ ಆ ಡ್ರೈವರ್ ಬಂದಾಗಲೆಲ್ಲ ನೀಲವ್ವನ ಬಾಗಿಲ ಮುಂದೆ ಗಾಡಿ ನಿಲ್ಲಿಸಿ ಕೈ ಮುಗಿಯುತ್ತಿದ್ದ. ನಿಂತ ಗಾಡಿಗೆ ಜನ ಹತ್ತತೊಡಗಿದರು. ಹಳಿಯ ಕಡೆಗೆ ತೆರೆದ ಬಾಗಿಲು ಇದ್ದದ್ದು ಅದೊಂದೇ. ಟ್ರಂಕು, ಕೋಳಿಬುಟ್ಟಿ, ಮದುವೆ ದಿಬ್ಬಣ, ಎಲ್ಲವೂ ನೀಲವ್ವನ ಒಲೆಯ ಪಕ್ಕದಿಂದಲೇ ಹಾದವು. ಉಣ್ಣಲು ಕೂತರೆ ತಟ್ಟೆ ದಾಟಿ ಹೋಗುವರು. ಕದ ಹಾಕಲು ಹೋದರೆ, “ನೀನೇ ತೆಗದ ಬಾಗಿಲಲ್ಲೇನವ್ವಾ?” ಎಂದು ಅವಳ ಬಾಯಿ ಮುಚ್ಚಿಸಿದರು. ಉಪಕಾರ ಮರೆಯುವುದರಲ್ಲಿ ನಮ್ಮೂರಿಗೆ ಸಾಟಿಯಿಲ್ಲ. ಮನೆ ಕಾಯುವವರಿಲ್ಲದೆ ಅವಳು ಮಾತ್ರ ಒಮ್ಮೆಯೂ ಗಾಡಿ ಹತ್ತಲಿಲ್ಲ. ಸಾಯುವಾಗ, “ನನ್ನ ಹಿತ್ತಲಿಂದ ಒಯ್ಯಿರಿ. ಜೀವ ಮನ್ಯಾಗ ಉಳದ್ರ ಉಳೀಲಿ. ಸತ್ತ ಮ್ಯಾಲರೆ ಈ ಮನಿ ನಂದಾಗಲಿ” ಎಂದಳಂತೆ. ಹಾಗೆಯೇ ಒಯ್ದರು.

ಈಗ ಆ ಮುಂಬಾಗಿಲಿಗೆ ಕದವಿಲ್ಲ, ಹೊಸ್ತಿಲು ಸವೆದು ನಡುವೆ ತಗ್ಗಾಗಿದೆ. ಗಾಡಿಗೆ ಎಷ್ಟೇ ಅವಸರವಿರಲಿ, ಜನ ಹಿತ್ತಲ ಬಾಗಿಲಲ್ಲಿ ನಿಂತು, “ನೀಲವ್ವಾ, ಒಳಗ ಬರಲೇನು?” ಎಂದು ಕೇಳಿಯೇ ದಾಟುತ್ತಾರೆ. ಅವಳಿದ್ದಾಗ ಯಾರೂ ಕೇಳಿರಲಿಲ್ಲ.